ಖೀಮಾ ಆಲೂ: ಅರಮನೆಯ ಮಾಂಸ, ಹೊಲದ ಗೆಡ್ಡೆ

ಕಳೆದ ರಮಝಾನಿನಲ್ಲಿ ಗಾವಡಗೆರೆಯ ಬಂಧುಗಳ ಮನೆಯೊಂದರಲ್ಲಿ ನಾವು ಇಫ್ತಾರ್‌ಗೆ ಸೇರಿದ್ದೆವು. ಮಗ್ರಿಬ್ ನಮಾಝ್ ಮುಗಿದ ಬಳಿಕ ದಸ್ತರ್‌ಖಾನಿನ ಮೇಲೆ ಚಪಾತಿ, ಅನ್ನ ಮತ್ತು ದೊಡ್ಡದೊಂದು ಪಾತ್ರೆಯಲ್ಲಿ ಖೀಮಾ ಆಲೂ ಬಂತು. ಇದನ್ನು ಮೊದಲು ಮಾಡಿದವರು ಯಾರೆಂದು ಮನೆಯ ಕಿರಿಯ ಹುಡುಗ ಕೇಳಿದ. "ಟಿಪ್ಪು ಸುಲ್ತಾನರ ಬಾವರ್ಚಿಗಳು, ಬೇಟಾ. ಶ್ರೀರಂಗಪಟ್ಟಣದ ಅರಮನೆಯಿಂದ ಬಂದ ಅಡುಗೆ ಇದು" ಎಂದು ಮನೆಯ ಹಿರಿಯರು ಉತ್ತರಿಸಿದರು. ಎಲ್ಲರೂ ತಲೆಯಾಡಿಸಿದರು. ನಾವೂ ಸುಮ್ಮನಿದ್ದೆವು. ಹಿರಿಯರ ಮಾತು, ಎದುರಿಗೆ ಬಿಸಿ ಊಟ. ವಾದಕ್ಕೆ ಅದು ಹೊತ್ತಾಗಿರಲಿಲ್ಲ.

ಆದರೆ ಆ ಮಾತು ಮನಸ್ಸಿನಲ್ಲಿ ಉಳಿಯಿತು. ಸುದ್ದಿಯೊಂದು ಬಂದಾಗ ಅದನ್ನು ಪರಿಶೀಲಿಸಿರೆಂದು ಪವಿತ್ರ ಕುರ್‌ಆನ್ (49:6) ಸತ್ಯವಿಶ್ವಾಸಿಗಳಿಗೆ ಆದೇಶಿಸುತ್ತದೆ. ಒಂದು ಪಲ್ಯದ ವಿಷಯದಲ್ಲಿ ಇಷ್ಟು ನಿಷ್ಠುರತೆ ಬೇಕೇ ಎಂದು ಕೆಲವರು ನಗಬಹುದು. ನಮ್ಮ ಅಭಿಪ್ರಾಯದಲ್ಲಿ ಬೇಕು. ನಮ್ಮ ಸಮುದಾಯದಲ್ಲಿ ಚರಿತ್ರೆಯೆಂದರೆ ಸುಲ್ತಾನರು, ನವಾಬರು, ಕೋಟೆಗಳು ಎಂಬ ರೂಢಿ ಬೆಳೆದುಬಿಟ್ಟಿದೆ. ತಟ್ಟೆಯಲ್ಲಿರುವ ಪ್ರತಿಯೊಂದನ್ನೂ ಒಬ್ಬ ರಾಜನ ಹೆಸರಿಗೆ ಬರೆದುಕೊಟ್ಟರೆ, ಅದನ್ನು ನಿಜವಾಗಿ ಬೆಳೆದವರ ಮತ್ತು ಬೇಯಿಸಿದವರ ಪಾಲು ಅಳಿಸಿಹೋಗುತ್ತದೆ.

ಹಿರಿಯರ ಮಾತಿನಲ್ಲಿ ಅರ್ಧ ಸತ್ಯವಿದೆ ಎಂಬುದನ್ನು ಮೊದಲು ಒಪ್ಪಬೇಕು. ಖೀಮಾ ನಿಜಕ್ಕೂ ಆಸ್ಥಾನಗಳ ಆಹಾರ. ಸಣ್ಣಗೆ ಕೊಚ್ಚುವುದು ಎಂಬ ಅರ್ಥದ ತುರ್ಕಿ ಧಾತುವಿನಿಂದ ಹುಟ್ಟಿದ ಈ ಪದ ಫಾರಸಿಯ ಮೂಲಕ ಉರ್ದುವಿಗೆ ಬಂತು. 14ನೇ ಶತಮಾನದಲ್ಲಿ ದಿಲ್ಲಿಯ ಮುಹಮ್ಮದ್ ಬಿನ್ ತುಘ್ಲಕ್‌ನ ಆಸ್ಥಾನದಲ್ಲಿದ್ದ ಪ್ರವಾಸಿ ಇಬ್ನ್ ಬತೂತಾ, ಕೊಚ್ಚಿದ ಮಾಂಸವನ್ನು ಬಾದಾಮಿ, ಪಿಸ್ತಾ, ಈರುಳ್ಳಿ ಮತ್ತು ಮಸಾಲೆಗಳೊಂದಿಗೆ ಬೇಯಿಸಿ, ತೆಳುವಾದ ಹಿಟ್ಟಿನ ಹಾಳೆಯಲ್ಲಿ ಸುತ್ತಿ ತುಪ್ಪದಲ್ಲಿ ಕರಿಯುತ್ತಿದ್ದ ಸಮೋಸವನ್ನು ವರ್ಣಿಸಿದ್ದಾನೆ. ಅಕ್ಬರನ ಕಾಲದಲ್ಲಿ, 1590ರ ದಶಕದಲ್ಲಿ, ಅಬುಲ್ ಫಝಲ್ ಬರೆದ 'ಆಯಿನೆ ಅಕ್ಬರಿ'ಯ ಪಾಕಶಾಲೆಯ ಅಧ್ಯಾಯದಲ್ಲಿ ಖೀಮಾ ಪುಲಾವ್ ಮತ್ತು ಖೀಮಾ ಶೋರ್ಬಾಗಳ ಹೆಸರಿದೆ.

ಮೈಸೂರು ಸೀಮೆಯವರಾದ ನಮಗೆ ಇವೆರಡಕ್ಕಿಂತ ಹತ್ತಿರದ ಇನ್ನೊಂದು ಗ್ರಂಥವಿದೆ. ಮಾಳ್ವದ ಮಾಂಡುವಿನಲ್ಲಿ ಆಳಿದ ಸುಲ್ತಾನ್ ಘಿಯಾಸ್ ಶಾಹ್ (1469-1500) ಆರಂಭಿಸಿ, ಅವನ ಮಗ ನಾಸಿರ್ ಶಾಹ್ ಪೂರ್ಣಗೊಳಿಸಿದ 'ನಿಅಮತ್‌ನಾಮಾ' ಎಂಬ ಸಚಿತ್ರ ಪಾಕಗ್ರಂಥ ಅದು. ಕೊಚ್ಚಿದ ಮಾಂಸದ ಅಡುಗೆಗಳು ಅದರಲ್ಲಿ ಧಾರಾಳವಾಗಿವೆ. ಅದರ ಹಸ್ತಪ್ರತಿ ಟಿಪ್ಪು ಸುಲ್ತಾನರ ಗ್ರಂಥಾಲಯದಲ್ಲಿತ್ತು. 1799ರಲ್ಲಿ ಶ್ರೀರಂಗಪಟ್ಟಣ ಪತನವಾದಾಗ ಆ ಗ್ರಂಥಾಲಯವು ಈಸ್ಟ್ ಇಂಡಿಯಾ ಕಂಪನಿಯ ಪಾಲಾಯಿತು. ಆ ಪ್ರತಿ ಇಂದು ಲಂಡನ್ನಿನ ಬ್ರಿಟಿಷ್ ಲೈಬ್ರರಿಯಲ್ಲಿದೆ. ಹುಣಸೂರಿನಿಂದ ಅರ್ಧ ದಿನದ ಪ್ರಯಾಣದಲ್ಲಿ ಹೋಗಿಬರಬಹುದಾದ ಊರಿನಲ್ಲಿ ಇಂಥ ಗ್ರಂಥವೊಂದು ಇತ್ತೆಂದು ನಮ್ಮ ಮಕ್ಕಳಲ್ಲಿ ಎಷ್ಟು ಮಂದಿಗೆ ಗೊತ್ತು?

ಆ ಗ್ರಂಥದ ಚಿತ್ರಗಳಲ್ಲಿ ಸುಲ್ತಾನ ಕುಳಿತು ನೋಡುತ್ತಿರುತ್ತಾನೆ. ಅವನ ಸುತ್ತಲೂ ಸ್ತ್ರೀಯರು ಒಲೆ ಉರಿಸುತ್ತ, ಪಾತ್ರೆ ಕಲಕುತ್ತ, ತಟ್ಟೆ ಹಿಡಿದು ನಿಂತಿರುತ್ತಾರೆ. ಸುಲ್ತಾನನ ಹೆಸರು ಉಳಿದಿದೆ, ಆ ಸ್ತ್ರೀಯರ ಹೆಸರಿಲ್ಲ. ಮತ್ತು ಆ ಪಾತ್ರೆಗಳಲ್ಲಿ ಯಾವುದರಲ್ಲಿಯೂ ಆಲೂಗೆಡ್ಡೆ ಇಲ್ಲ. ಹಸಿಮೆಣಸಿನಕಾಯಿಯೂ ಇಲ್ಲ, ಟೊಮೆಟೊ ಕೂಡ ಇಲ್ಲ. ಅವೆಲ್ಲವೂ ಆಗ ಸಾಗರದ ಆಚೆಗಿನ ಅಮೆರಿಕ ಖಂಡದಲ್ಲಿದ್ದವು.

ಇಲ್ಲಿ ಒಂದು ಪದದ ಮೋಸವನ್ನು ಹೇಳದೆ ಮುಂದೆ ಹೋಗಲಾಗದು. ಮೊಘಲರ ಗ್ರಂಥಗಳಲ್ಲಿ 'ಆಲೂ' ಎಂದು ಓದಿ, ನೋಡಿ ಆಗಲೇ ಆಲೂಗೆಡ್ಡೆ ಇತ್ತು ಎಂದು ಸಂತೋಷಪಡುವವರಿದ್ದಾರೆ. ಫಾರಸಿಯಲ್ಲಿ ಆಲೂ ಎಂದರೆ ಒಂದು ಹಣ್ಣು. ನಾವು ಇಂದಿಗೂ ಬಿರಿಯಾನಿಗೆ ಹಾಕುವ ಆಲೂ ಬುಖಾರಾದ ಆಲೂ ಅದೇ. ಅತ್ತ ಸಂಸ್ಕೃತದಲ್ಲಿ 'ಆಲು' ಎಂಬುದು ನೆಲದಡಿಯ ಗೆಡ್ಡೆಗಳಿಗೆ ಮೊದಲಿನಿಂದಲೂ ಇದ್ದ ಸಾಮಾನ್ಯ ಹೆಸರು. ಹೊಸ ಗೆಡ್ಡೆ ಬಂದಾಗ ಹಳೆಯ ಹೆಸರು ಅದಕ್ಕೆ ಅಂಟಿಕೊಂಡಿತು. ಇರಾನಿನವರಾದರೋ ಅದನ್ನು 'ನೆಲದ ಸೇಬು' ಎಂದು ಕರೆದು ಗೊಂದಲವನ್ನೇ ತಪ್ಪಿಸಿಕೊಂಡರು.

ಆಲೂಗೆಡ್ಡೆಯ ತವರು ದಕ್ಷಿಣ ಅಮೆರಿಕದ ಆಂಡೀಸ್ ಪರ್ವತಗಳು. 16ನೇ ಶತಮಾನದ ಉತ್ತರಾರ್ಧದಲ್ಲಿ ಸ್ಪೇನಿನವರು ಅದನ್ನು ಯೂರೋಪಿಗೆ ತಂದರು. ನಮ್ಮ ಪಶ್ಚಿಮ ಕರಾವಳಿಗೆ ಅದನ್ನು ತಂದವರು ಪೋರ್ಚುಗೀಸರು. ಆದುದರಿಂದಲೇ ಮಂಗಳೂರು, ಉಡುಪಿ ಕಡೆಯವರ ಬಾಯಲ್ಲಿ ಅದು ಇಂದಿಗೂ ಬಟಾಟೆ. ಘಟ್ಟದ ಮೇಲಿನ ನಮ್ಮ ಸೀಮೆಯಲ್ಲಿ ಅದು ಆಲೂಗೆಡ್ಡೆ. ಹೆಸರು ಬೇರೆಯಾದಂತೆ ಬಂದ ದಾರಿಯೂ ಬೇರೆ. ಒಳನಾಡಿನಲ್ಲಿ ಅದರ ಬೇಸಾಯ ವ್ಯಾಪಕವಾಗಿ ಹರಡಿದ್ದು 19ನೇ ಶತಮಾನದಲ್ಲಿ, ಕಂಪನಿಯ ಅಧಿಕಾರಿಗಳು ಮತ್ತು ದಂಡುಗಳ ಬೇಡಿಕೆಯ ಹಿಂದೆ. ಹುಣಸೂರೂ ಅಂತಹ ಬೇಡಿಕೆಯ ಊರೇ ಆಗಿತ್ತು. ಅಮೃತಮಹಲ್ ದನಗಳ ಇಲಾಖೆ ಇಲ್ಲಿತ್ತು. ಮದ್ರಾಸ್ ಸೈನ್ಯಕ್ಕೆ ಸರಬರಾಜು ಮಾಡುವ ತೊಗಲಿನ ಕಾರ್ಖಾನೆ ಮತ್ತು ಕಂಬಳಿಯ ಕಾರ್ಖಾನೆಗಳು 1864ರವರೆಗೆ ಇಲ್ಲಿ ನಡೆದವು.

ಹೀಗಿರುವಾಗ 1799ರಲ್ಲಿ ಶಹೀದರಾದ ಸುಲ್ತಾನರ ದಸ್ತರ್‌ಖಾನಿನ ಮೇಲೆ ನಮ್ಮ ಇಂದಿನ ಖೀಮಾ ಆಲೂವನ್ನು ಇಡಲು ಯಾವ ಆಧಾರವೂ ಇಲ್ಲ. ಖೀಮಾ ಅರಮನೆಯಿಂದ ಬಂತು ಎನ್ನಿ, ಸರಿ. ಅದಕ್ಕೆ ಆಲೂ ಸೇರಿದ್ದು ಅರಮನೆಯ ಹೊರಗೆ. ಅರಮನೆಗೆ ಅದರ ಅಗತ್ಯವೇ ಇರಲಿಲ್ಲ. ಬೇಕಾದಷ್ಟು ಮಾಂಸ ಇರುವವನು ಅದರೊಳಗೆ ಗೆಡ್ಡೆಯನ್ನೇಕೆ ಬೆರೆಸುತ್ತಾನೆ?

ಅಗತ್ಯವಿದ್ದದ್ದು ಬೇರೆ ಮನೆಗಳಿಗೆ. ಆರು ಮಂದಿಯ ಕುಟುಂಬಕ್ಕೆ ಒಂದೂವರೆ ಕಿಲೋ ಮಾಂಸ ತರಲಾಗದವರು ಅರ್ಧ ಕಿಲೋ ತರುತ್ತಾರೆ. ತುಂಡು ಮಾಡಿಸಿದರೆ ತಲೆಗೆ ಎರಡು ತುಂಡು. ಯಾರಿಗೆ ದೊಡ್ಡದು, ಯಾರಿಗೆ ಮೂಳೆ ಎಂಬ ಲೆಕ್ಕ ಹುಟ್ಟುತ್ತದೆ, ಮತ್ತು ಆ ಲೆಕ್ಕದಲ್ಲಿ ಕೊನೆಗೆ ಉಣ್ಣುವವಳಿಗೆ ಬರೀ ಸಾರು ಉಳಿಯುತ್ತದೆ. ಅದನ್ನೇ ಕೊಚ್ಚಿಸಿ, ಅಷ್ಟೇ ತೂಕದ ಆಲೂಗೆಡ್ಡೆಯನ್ನು ಸೇರಿಸಿದರೆ ಪ್ರತಿಯೊಂದು ಸೌಟಿನಲ್ಲಿಯೂ ಎರಡೂ ಬರುತ್ತವೆ. ಅತ್ತೆಗೂ ಸೊಸೆಗೂ, ದುಡಿದು ಬಂದವನಿಗೂ ಶಾಲೆಯ ಮಗುವಿಗೂ ಒಂದೇ ಪಾಲು. ಖೀಮಾ ಆಲೂವನ್ನು ಕಂಡುಹಿಡಿದದ್ದು ಈ ಲೆಕ್ಕವೇ ಎಂದು ನಾವು ನಂಬುತ್ತೇವೆ. ಇಂಗ್ಲೆಂಡಿನ ಬಡವರು ಕೊಚ್ಚಿದ ಮಾಂಸದ ಮೇಲೆ ಹಿಸುಕಿದ ಆಲೂಗೆಡ್ಡೆಯ ಪದರ ಹೊದಿಸಿ ಮಾಡಿದ 'ಕಾಟೇಜ್ ಪೈ'ಯ ಹೆಸರಿನಲ್ಲಿಯೇ ಗುಡಿಸಲು ಇದೆ. ಇರಾನಿನಲ್ಲಿ ಸಣ್ಣ ತುಂಡಿನ ಮಾಂಸ ಮತ್ತು ಬೇಳೆಯ 'ಖೀಮೆ'ಯ ಮೇಲೆ ಕರಿದ ಆಲೂಗೆಡ್ಡೆ ಹರಡಿ, ಮುಹರ್ರಮ್‌ನಲ್ಲಿ ಬೀದಿಯ ಜನರಿಗೆಲ್ಲ ಹಂಚುತ್ತಾರೆ.

ಮಾಂಸಕ್ಕೆ ತರಕಾರಿ ಬೆರೆಸುವುದು ಬಡತನದ ಗುರುತೆಂದು ನಾಚಿಕೊಳ್ಳುವವರನ್ನು ನಾವು ಕಂಡಿದ್ದೇವೆ. ಅತಿಥಿಗಳು ಬಂದಾಗ "ಇವತ್ತು ಬರೀ ಖೀಮಾ ಆಲೂ" ಎಂದು ಕ್ಷಮೆ ಕೇಳುವ ಗೃಹಿಣಿಯರಿದ್ದಾರೆ. ಪ್ರವಾದಿ ಮುಹಮ್ಮದ್(ಸ)ರನ್ನು ಮದೀನಾದ ಒಬ್ಬ ದರ್ಜಿಯು ಊಟಕ್ಕೆ ಕರೆದಾಗ ಬಡಿಸಿದ್ದು ಜವೆಗೋಧಿಯ ರೊಟ್ಟಿ ಮತ್ತು ಒಣಮಾಂಸದೊಂದಿಗೆ ಸೋರೆಕಾಯಿ ಹಾಕಿದ ಸಾರು. ಪ್ರವಾದಿ(ಸ)ರು ತಟ್ಟೆಯ ಸುತ್ತಲಿಂದ ಸೋರೆಯ ಹೋಳುಗಳನ್ನೇ ಆರಿಸಿಕೊಳ್ಳುತ್ತಿದ್ದುದನ್ನು ಜೊತೆಗಿದ್ದ ಹಝ್ರತ್ ಅನಸ್(ರ) ಕಂಡರು; ಅಂದಿನಿಂದ ತಮಗೂ ಸೋರೆಕಾಯಿ ಪ್ರಿಯವಾಯಿತೆಂದು ಅವರು ಹೇಳಿದ್ದು ಸಹೀಹ್ ಬುಖಾರಿಯಲ್ಲಿದೆ. ಸಾರು ಮಾಡುವಾಗ ನೀರನ್ನು ಹೆಚ್ಚಿಸಿ ನೆರೆಯವರನ್ನು ವಿಚಾರಿಸಿಕೊಳ್ಳಬೇಕೆಂದು ಹಝ್ರತ್ ಅಬೂದರ್ರ್(ರ)ರಿಗೆ ನೀಡಲಾದ ಉಪದೇಶ ಸಹೀಹ್ ಮುಸ್ಲಿಮ್‌ನಲ್ಲಿದೆ. ನೀರು ಹೆಚ್ಚಿಸುವವನಿಗೆ ಅನುಮತಿ ಇದೆಯೆಂದ ಮೇಲೆ ನಾಲ್ಕು ಆಲೂಗೆಡ್ಡೆ ಹೆಚ್ಚಿಸಿದವಳು ಯಾರ ಕ್ಷಮೆಯನ್ನೂ ಕೇಳಬೇಕಾಗಿಲ್ಲ.

ಗಾವಡಗೆರೆಯ ಆ ಮನೆಯಲ್ಲಿ ಅದನ್ನು ಮಾಡುವ ಕ್ರಮ ಸರಳವಾದುದು. ಎಣ್ಣೆಯಲ್ಲಿ ಚಕ್ಕೆ, ಲವಂಗ ಸಿಡಿಸಿ, ಎರಡು ದೊಡ್ಡ ಈರುಳ್ಳಿಯನ್ನು ಕೆಂಪಗೆ ಹುರಿದು, ಶುಂಠಿ ಬೆಳ್ಳುಳ್ಳಿ ಅರೆದದ್ದನ್ನು ಸೇರಿಸುತ್ತಾರೆ. ಹಸಿ ವಾಸನೆ ಹೋದ ಮೇಲೆ ಅರ್ಧ ಕಿಲೋ ಖೀಮಾ, ಅರಿಶಿನ, ಉಪ್ಪು. ಖೀಮಾ ತನ್ನ ನೀರನ್ನು ತಾನೇ ಬಿಡುತ್ತದೆ. ಆ ನೀರು ಪೂರ್ತಿ ಇಂಗಿ ಎಣ್ಣೆ ಕಾಣುವವರೆಗೆ ಕೈ ಬಿಡದೆ ಹುರಿಯಬೇಕು. ಆತುರಪಟ್ಟವರ ಖೀಮಾ ಗಂಟು ಕಟ್ಟುತ್ತದೆ. ಬಳಿಕ ಅಚ್ಚ ಖಾರದ ಪುಡಿ, ಧನಿಯಾ ಪುಡಿ, ಎರಡು ಟೊಮೆಟೊ. ಅವು ಕರಗಿದ ಮೇಲೆ ಹೆಬ್ಬೆರಳ ತುದಿಯಷ್ಟು ಹೆಚ್ಚಿದ ಅರ್ಧ ಕಿಲೋ ಆಲೂಗೆಡ್ಡೆ, ಒಂದು ಲೋಟ ಬಿಸಿನೀರು, ಮುಚ್ಚಳ, ಸಣ್ಣ ಉರಿ. ಕಾಲು ಗಂಟೆಯಲ್ಲಿ ಗೆಡ್ಡೆ ಬೆಂದಿರುತ್ತದೆ. ಇಳಿಸುವ ಮೊದಲು ಕೊತ್ತಂಬರಿ, ಪುದೀನಾ, ಸೀಳಿದ ಎರಡು ಹಸಿಮೆಣಸಿನಕಾಯಿ. ಮುಕ್ಕಾಲು ಗಂಟೆಯ ಕೆಲಸ. ಅಸರ್ ಆದ ಮೇಲೆ ಒಲೆ ಹಚ್ಚಿದರೂ ಮಗ್ರಿಬ್‌ಗೆ ಮೊದಲೇ ಮುಗಿಯುತ್ತದೆ.

ಆ ಗೆಡ್ಡೆಯೂ ದೂರದಿಂದ ಬಂದದ್ದೇನಲ್ಲ. ಹಾಸನ ಮತ್ತು ಹುಣಸೂರು ಸೀಮೆಗಳ ಕೆಂಪುಮಣ್ಣಿನಲ್ಲಿ ಮುಂಗಾರಿನ ಆರಂಭಕ್ಕೆ ಬಿತ್ತಿ ಸುಮಾರು ಮೂರು ತಿಂಗಳಲ್ಲಿ ಕೀಳುತ್ತಾರೆ. ಬಿತ್ತನೆಯ ಗೆಡ್ಡೆ ಪಂಜಾಬಿನ ಜಲಂಧರ್‌ನಿಂದ ಬರುತ್ತದೆ. ಹೆಚ್ಚಿನದು 1968ರಲ್ಲಿ ಬಿಡುಗಡೆಯಾದ ಕುಫ್ರಿ ಜ್ಯೋತಿ ತಳಿ. ಹೊಗೆಸೊಪ್ಪಿನ ಹೊಲಗಳ ನಡುವೆ ಆಲೂಗೆಡ್ಡೆ ಹಾಕುವ ರೈತನಿಗೆ ದೊಡ್ಡ ಭಯ ಅಂಗಮಾರಿ ರೋಗದ್ದು. 1845ರಿಂದ ಐರ್ಲೆಂಡಿನ ಬೆಳೆಯನ್ನು ಕೊಳೆಯಿಸಿ ಹತ್ತು ಲಕ್ಷದಷ್ಟು ಜನರ ಸಾವಿಗೆ ಕಾರಣವಾದದ್ದು ಇದೇ ರೋಗ. ಮೋಡ ಕವಿದು ಜಡಿಮಳೆ ಹಿಡಿದರೆ ಕೆಲವೇ ದಿನಗಳಲ್ಲಿ ಹೊಲ ಕಪ್ಪಾಗುತ್ತದೆ. ಹಾಸನದಲ್ಲಿ ಈ ಕಾರಣದಿಂದ ಅನೇಕರು ಆಲೂಗೆಡ್ಡೆ ಬಿಟ್ಟು ಜೋಳಕ್ಕೆ ತಿರುಗಿದ್ದಾರೆ. ನಮ್ಮ ಪಾತ್ರೆಯ ಅರ್ಧ ಭಾಗ ಈ ರೈತರ ಋಣದಲ್ಲಿದೆ. ಅವರಲ್ಲಿ ಹೆಚ್ಚಿನವರು ಬೇರೆ ಧರ್ಮದವರು.

ಅವರ ಮನೆಗಳಲ್ಲಿಯೂ ನಮ್ಮ ಪದ ಬೇಯುತ್ತಿದೆ. ಹುಣಸೂರು, ಪಿರಿಯಾಪಟ್ಟಣ ಕಡೆಯ ಒಕ್ಕಲಿಗರ, ಕುರುಬರ ಮನೆಗಳಲ್ಲಿ ಹಬ್ಬದ ಮರುದಿನ ರಾಗಿ ಮುದ್ದೆಯೊಂದಿಗೆ ಉಣ್ಣುವ 'ಕೈಮ ಉಂಡೆ ಸಾರು' ಎಲ್ಲರಿಗೂ ಪರಿಚಿತ. ಕೈಮ ಎಂದರೆ ಖೀಮಾವೇ. ಕೈಯಲ್ಲಿ ಉಂಡೆ ಕಟ್ಟುವುದರಿಂದ ಆ ಹೆಸರು ಬಂತೆಂದು ಅನೇಕರು ನಂಬಿದ್ದಾರೆ. ತುರ್ಕಿ ಪದವೊಂದು ಕನ್ನಡದ 'ಕೈ' ಹಿಡಿದು ಒಳಗೆ ಬಂದು, ಅತಿಥಿಯಾಗಿ ಉಳಿಯದೆ ಮನೆಯವನೇ ಆದ ಪರಿ ಇದು. ಯಾವ ಸುಲ್ತಾನನೂ ಇದಕ್ಕೆ ಫರ್ಮಾನು ಹೊರಡಿಸಿದ್ದಿಲ್ಲ. ಪಕ್ಕದ ಹಿತ್ತಿಲುಗಳ ನಡುವಿನ ಮಾತುಕತೆಯಲ್ಲಿ ಆದದ್ದು.

ಈದ್‌ನ ದಿನ ಮತ್ತೆ ಗಾವಡಗೆರೆಗೆ ಹೋದಾಗ ಹಿರಿಯರಿಗೆ ಇದನ್ನೆಲ್ಲ ಮೆಲ್ಲನೆ ತಿಳಿಸಿದೆವು. ಅವರು ಬೇಸರಪಡಲಿಲ್ಲ. ಸುಲ್ತಾನರ ಗ್ರಂಥಾಲಯದಲ್ಲಿ ಪಾಕಗ್ರಂಥವಿತ್ತೆಂಬ ವಿಷಯವನ್ನು ಎರಡು ಸಲ ಕೇಳಿಸಿಕೊಂಡರು. ಆಮೇಲೆ, "ಹಾಗಾದರೆ ಒಳಗೆ ಹೋಗಿ ನಿಮ್ಮ ದಾದಿಯನ್ನೇ ಕೇಳಿ" ಎಂದರು.

ದಾದಿಯವರು ಈ ಅಡುಗೆಯನ್ನು ಕಲಿತದ್ದು ಪಿರಿಯಾಪಟ್ಟಣದ ತಮ್ಮ ತಾಯಿಯಿಂದ. ಆಗ ಅಂಗಡಿಯಲ್ಲಿ ಖೀಮಾ ಮಾಡುವ ಯಂತ್ರವಿರಲಿಲ್ಲ. ಮಾಂಸವನ್ನು ಮನೆಗೆ ತಂದು, ಹುಣಸೆಮರದ ಕೊರಡಿನ ಮೇಲಿಟ್ಟು, ಎರಡೂ ಕೈಗಳಲ್ಲಿ ಕತ್ತಿ ಹಿಡಿದು ಕೊಚ್ಚುತ್ತಿದ್ದರಂತೆ. ಸದ್ದು ಮೂರು ಮನೆಯಾಚೆ ಕೇಳಿದರೆ ಆ ಮನೆಗಳಿಗೂ ಒಂದೊಂದು ಬಟ್ಟಲು ಕಳಿಸಲೇಬೇಕಿತ್ತು. ಆಲೂಗೆಡ್ಡೆ ವರ್ಷವಿಡೀ ಸಿಗುತ್ತಿರಲಿಲ್ಲ. ಸಿಗದ ತಿಂಗಳುಗಳಲ್ಲಿ ಏನು ಮಾಡುತ್ತಿದ್ದಿರಿ ಎಂದು ಕೇಳಿದೆವು. ಹಿತ್ತಿಲಿನ ಚಪ್ಪರದ ಕಡೆ ಕೈ ತೋರಿಸಿದರು. ಸೋರೆಕಾಯಿ ಹಾಕುತ್ತಿದ್ದರಂತೆ.