ಬೆಂಗಳೂರಿನ ಒಂದು ಮೋಟಾರು ಸಾಹಸ

ಮೈಸೂರು ಸೀಮೆಯಲ್ಲಿ ಮೋಟಾರು ಗಾಡಿಯನ್ನು ತಯಾರಿಸಬೇಕೆಂಬ ಹಂಬಲ ಹಳೆಯದು. ಸರ್ ಎಂ. ವಿಶ್ವೇಶ್ವರಯ್ಯನವರು 1935ರಲ್ಲಿ ಯೂರೋಪು ಅಮೆರಿಕಗಳ ಕಾರ್ಖಾನೆಗಳನ್ನು ಕಣ್ಣಾರೆ ಕಂಡುಬಂದು ಒಂದು ಯೋಜನೆಯನ್ನು ಸಿದ್ಧಪಡಿಸಿದರು. ಅದನ್ನು ಬೆಂಗಳೂರಿನಲ್ಲಿ ನೆಲೆಗೊಳಿಸುವ ಪ್ರಯತ್ನಕ್ಕೆ ಅಂದಿನ ಭಾರತ ಸರ್ಕಾರದ ಬೆಂಬಲ ದೊರೆಯಲಿಲ್ಲ. 1940ರಲ್ಲಿ ನಮ್ಮ ಪಾಲಿಗೆ ವಿಮಾನದ ಕಾರ್ಖಾನೆ ಬಂದಿತು. ಮೋಟಾರಿನದು 1944ರಲ್ಲಿ ವಾಲಚಂದ ಹೀರಾಚಂದರ ಮೂಲಕ ಮುಂಬಯಿಗೆ ಸಂದಿತು. ಈ ವೃತ್ತಾಂತವನ್ನು ಬಲ್ಲವರು ಅನೇಕರು. ನಾವು ಈಗ ಹೇಳಹೊರಟಿರುವುದು ಇದಕ್ಕಿಂತ ಬಹು ಚಿಕ್ಕ ಸಾಹಸದ ಕಥೆ.

ರೈಲ್ವೆ ಅಂಗಳಗಳಲ್ಲಿ ವ್ಯಾಗನ್ನುಗಳನ್ನು ಸರಿಸತಕ್ಕ ಭಾರವಾದ ಡೀಸೆಲ್ ಎಂಜಿನ್ನುಗಳನ್ನು ಕಟ್ಟುತ್ತಿದ್ದ ಬೆಂಗಳೂರಿನ ಸ್ಯಾನ್ ಬಳಗವು 1998ರಲ್ಲಿ ಒಂದು ಹಗುರವಾದ ವಿಲಾಸದ ಕಾರನ್ನು ಹೊರತಂದಿತು. ಹೆಸರು ಸ್ಯಾನ್ ಸ್ಟಾರ್ಮ್. ಕಾರ್ಖಾನೆ ಗೋವೆಯಲ್ಲಿ. ಎರಡೇ ಬಾಗಿಲು, ಇಬ್ಬರಿಗೆ ಮಾತ್ರ ಸ್ಥಳ, ಮಡಚಿಡಬಹುದಾದ ಮೇಲ್ಛಾವಣಿ. ಒಡಲು ಉಕ್ಕಿನದಲ್ಲ, ಫೈಬರ್ ಗ್ಲಾಸಿನದು. ಎಂಜಿನ್ನು ಫ್ರಾನ್ಸಿನ ರೆನೋ ಸಂಸ್ಥೆಯದು, 1149 ಘನ ಸೆಂಟಿಮೀಟರು, ಸುಮಾರು 60 ಅಶ್ವಶಕ್ತಿ.

ಈ ಒಡಲಿನಲ್ಲಿಯೇ ಸಣ್ಣ ತಯಾರಕನ ಕಷ್ಟವೆಲ್ಲ ಅಡಗಿದೆ. ಉಕ್ಕಿನ ತಗಡನ್ನು ಒತ್ತುವ ಅಚ್ಚುಗಳಿಗೆ ಕೋಟಿಗಟ್ಟಲೆ ಹಣ ಬೇಕು. ಲಕ್ಷ ಕಾರುಗಳ ಮೇಲೆ ಹಂಚಿದಾಗಲೇ ಅದು ಹಗುರವಾದೀತು. ಫೈಬರ್ ಗ್ಲಾಸಿನ ಅಚ್ಚು ಅಗ್ಗ. ಆದರೆ ಪ್ರತಿಯೊಂದು ಒಡಲಿಗೂ ಕೈಕೆಲಸ ಬಹಳ, ಹೊತ್ತೂ ಬಹಳ. ಹತ್ತು ಮಾಡಿದರೂ ನೂರು ಮಾಡಿದರೂ ಒಂದೊಂದರ ಖರ್ಚು ಅಷ್ಟಾಗಿ ಇಳಿಯದು. ಎಂಜಿನ್ನೋ ಎರವಿನದು. 2007ರಲ್ಲಿ ಮಹೀಂದ್ರರೊಡನೆ ಸೇರಿ ಲೋಗನ್ ಕಾರನ್ನು ತರುವವರೆಗೆ ರೆನೋಗೆ ನಮ್ಮಲ್ಲಿ ಬೇರೂರಿದ ವ್ಯಾಪಾರವಿರಲಿಲ್ಲ. ಹೀಗಿರಲು ಬಿಡಿಭಾಗಕ್ಕಾಗಿ ಊರೂರಲ್ಲಿ ಅಂಗಡಿ ಎಲ್ಲಿಂದ ಬರಬೇಕು? ಮೊಳಕಾಲ್ಮೂರಿನ ನೇಕಾರನು ವರ್ಷಕ್ಕೆ ಕೆಲವೇ ರೇಷ್ಮೆ ಸೀರೆಗಳನ್ನು ನೇಯ್ದರೂ ಮಗ್ಗ ನಿಲ್ಲದು, ಸೀರೆಗೆ ಬಿಡಿಭಾಗವೂ ಬೇಡ. ಕಾರಿಗೆ ಆ ಭಾಗ್ಯವಿಲ್ಲ.

ಕೊಳ್ಳುವವರ ವಿಷಯವನ್ನೂ ನೋಡಬೇಕು. ಚಳ್ಳಕೆರೆಯಿಂದ ರಾಂಪುರದ ಮೇಲೆ ಬಳ್ಳಾರಿಗೆ ಹೋಗುವ ದಾರಿಯಲ್ಲಿ, ವೈಶಾಖದ ನಡುಹಗಲಿನಲ್ಲಿ, ಛಾವಣಿ ತೆರೆದು ಸಾಗುವ ಸುಖವನ್ನು ಆ ಬಿಸಿಲನ್ನು ಬಲ್ಲವರು ಯಾರೂ ಬಯಸರು. ಕಾರೆಂದರೆ ನಮ್ಮವರಿಗೆ ಸಂಸಾರದ ವಾಹನ. ಅಜ್ಜಿಗೂ ಮಕ್ಕಳಿಗೂ ಎಡೆಯಿಲ್ಲದ ಗಾಡಿಗೆ ದುಡ್ಡು ಸುರಿಯುವವರು ವಿರಳ. ಅಂಥ ಧಾರಾಳಿಗಳಾದರೋ ವಿದೇಶದ ಹೆಸರನ್ನೇ ಅರಸುವರು. ಇದು ನ್ಯಾಯವೆಂದು ನಾವು ಹೇಳಲಾರೆವು.

ಇಂಗ್ಲೆಂಡಿನಲ್ಲಿ ಮಾರುವ ಆಸೆಯೂ ಇದ್ದಿತು. ಅಲ್ಲಿ ಇದನ್ನು ಆಮದು ಮಾಡಲು ಮುಂದೆ ಬಂದದ್ದು ರಿಲಯಂಟ್ ಕಂಪೆನಿ. ಮೂರು ಚಕ್ರದ ಗಾಡಿಗಳಿಗೂ ಫೈಬರ್ ಗ್ಲಾಸಿನ ಸಿಮಿಟಾರ್ ಕಾರಿಗೂ ಹೆಸರಾಗಿದ್ದ ಆ ಕಂಪೆನಿಯೇ ಆಗ ಸ್ವಂತ ತಯಾರಿಕೆಯನ್ನು ಕೈಬಿಡುವ ಸ್ಥಿತಿಯಲ್ಲಿತ್ತು! ಮುಳುಗುವವನ ಕೈಯನ್ನು ಈಜು ಕಲಿಯುವವನು ಹಿಡಿದಂತಾಯಿತು. ಸ್ಟಾರ್ಮ್ ಅಲ್ಲಿಯೂ ಬೇರೂರಲಿಲ್ಲ, ಇಲ್ಲಿಯೂ ಹೆಚ್ಚಾಗಿ ಮಾರಲಿಲ್ಲ. ಕೊನೆಗೆ ತಯಾರಿಕೆಯೇ ನಿಂತಿತು.

ಮಾಲ್ವರ್ನ್ ಎಂಬ ಇಂಗ್ಲಿಷ್ ಊರಿನ ಮಾರ್ಗನ್ ಮನೆತನವು ಮರದ ಚೌಕಟ್ಟಿನ ಕಾರುಗಳನ್ನು ಕಟ್ಟುತ್ತ ನೂರು ವರ್ಷ ದಾಟಿತು. 2019ರಲ್ಲಿ ಅದೂ ಬಹುಪಾಲನ್ನು ಇಟಲಿಯ ಬಂಡವಾಳಗಾರರಿಗೆ ಒಪ್ಪಿಸಿತು. ಬೆಂಗಳೂರಿನಲ್ಲಿಯೇ 2001ರಲ್ಲಿ ಹೊರಬಂದ ರೇವಾ ವಿದ್ಯುತ್ ಕಾರು ವಿಲಾಸಕ್ಕೆ ಹುಟ್ಟಿದ್ದಲ್ಲ, ನಗರದ ನಿತ್ಯ ಸಂಚಾರಕ್ಕೆ. ಲಂಡನ್ನಿನಲ್ಲಿ ಜಿ-ವಿಜ್ ಎಂಬ ಹೆಸರಿನಿಂದ ಓಡಾಡಿ, ನಗರಪ್ರವೇಶದ ಸುಂಕದಿಂದ ವಿನಾಯಿತಿಯನ್ನೂ ಪಡೆಯಿತು. ಅದರ ಬಹುಪಾಲು ಒಡೆತನವು 2010ರಲ್ಲಿ ಮಹೀಂದ್ರರಿಗೆ ಸೇರಿತು.