ಕಲ್ಯಾಣದ ಭಂಡಾರದಿಂದ ಗ್ರಾಮದ ಜಮಾಬಂದಿಯವರೆಗೆ



ಹನ್ನೆರಡನೆಯ ಶತಮಾನದ ಕಲ್ಯಾಣದಲ್ಲಿ ಧರ್ಮಗುರು ಬಸವಣ್ಣನವರು ಬಿಜ್ಜಳನ ಆಡಳಿತದಲ್ಲಿ ಭಂಡಾರಿಯ ಹೊಣೆಯನ್ನು ಹೊತ್ತಿದ್ದರು. ಅವರು ಅರಸನ ಧನವನ್ನು ಜಂಗಮದಾಸೋಹಕ್ಕೆ ವ್ಯಯಿಸುತ್ತಿದ್ದಾರೆಂದು ಆಗದವರು ಚಾಡಿ ಹೇಳಿದ ಪ್ರಸಂಗವನ್ನು ಬಸವಪುರಾಣ ಪರಂಪರೆಯು ಭಕ್ತಿಯಿಂದ ನಿರೂಪಿಸುತ್ತದೆ. ಅರಸನು ಲೆಕ್ಕ ಕೇಳಿದನು. ಬಸವಣ್ಣನವರು ಭಂಡಾರವನ್ನು ತೆರೆದು ತೋರಿದರು. ಎಣಿಸಿ ನೋಡಲಾಗಿ ಒಂದು ಹೊನ್ನೂ ಕಡಿಮೆಯಿರಲಿಲ್ಲ. ಭಕ್ತರು ಇದನ್ನು ಶಿವನ ಪವಾಡವೆಂದು ಓದುತ್ತಾರೆ. ಆದರೆ ಪವಾಡಕ್ಕಿಂತ ಮೊದಲು ನಡೆದ ಕ್ರಿಯೆಯೊಂದು ಇಲ್ಲಿದೆ. ಲೆಕ್ಕ ಕೇಳಿದಾಗ ಬಸವಣ್ಣನವರು ಮುನಿಯಲಿಲ್ಲ, ತಮ್ಮ ಪದವಿಯ ಹಿರಿಮೆಯನ್ನು ಮುಂದೊಡ್ಡಲಿಲ್ಲ, ಬಾಗಿಲನ್ನು ತೆರೆದರು. ಪರರ ಧನವನ್ನು ಕಾಯುವವನು ಕೇಳಿದವರಿಗೆ ಲೆಕ್ಕ ಒಪ್ಪಿಸಬೇಕೆಂಬುದು ಈ ಪ್ರಸಂಗದ ತಿರುಳು.

ಇದೇ ತತ್ವವನ್ನು ಆಯ್ದಕ್ಕಿ ಲಕ್ಕಮ್ಮನವರ ಬದುಕಿನಲ್ಲಿಯೂ ಕಾಣಬಹುದು. ಪತಿ ಮಾರಯ್ಯನವರು ಒಂದು ದಿನ ಎಂದಿಗಿಂತ ಹೆಚ್ಚು ಅಕ್ಕಿಯನ್ನು ಆಯ್ದು ತಂದಾಗ, ದಿನದ ಅಗತ್ಯಕ್ಕೆ ಮೀರಿದುದು ತಮ್ಮದಲ್ಲವೆಂದು ಆ ಶರಣೆ ಅದನ್ನು ಹಿಂದಿರುಗಿಸಲು ಹೇಳಿದರು. ಲೆಕ್ಕ ಕೇಳುವ ಅಧಿಕಾರಿ ಅಲ್ಲಿರಲಿಲ್ಲ. ಮನೆಯೊಳಗಿನ ಅರಿವೇ ಲೆಕ್ಕವನ್ನು ಕೇಳಿತು. ಕಾಯಕವೆಂದರೆ ಕೇವಲ ದುಡಿಮೆಯಲ್ಲ, ದುಡಿಮೆಯ ಫಲಕ್ಕೆ ಉತ್ತರದಾಯಿಯಾಗಿರುವುದೂ ಕಾಯಕವೇ.

ಅನುಭವ ಮಂಟಪವನ್ನು ಇಂದಿನ ಸಂಸತ್ತಿಗೆ ಹೋಲಿಸುವುದು ವಾಡಿಕೆಯಾಗಿದೆ. ಅಭಿಮಾನದಿಂದ ಮೂಡಿದ ಹೋಲಿಕೆ ಇದಾದರೂ ಇತಿಹಾಸದ ದೃಷ್ಟಿಯಿಂದ ಎಚ್ಚರ ಅವಶ್ಯಕ. ಅಲ್ಲಮಪ್ರಭುಗಳ ಅಧ್ಯಕ್ಷತೆಯಲ್ಲಿ ನಡೆದುದು ಅನುಭಾವದ ಗೋಷ್ಠಿ. ತೆರಿಗೆಯನ್ನು ವಿಧಿಸುವ, ಕಾನೂನನ್ನು ರಚಿಸುವ ಸಭೆಯಲ್ಲ. ರಾಜ್ಯದ ಅಧಿಕಾರ ಬಿಜ್ಜಳನಲ್ಲಿಯೇ ಇತ್ತು. ಅಂಬಿಗನೂ ಮಡಿವಾಳನೂ ಸಮಾನವಾಗಿ ಕುಳಿತು ಪ್ರಶ್ನಿಸಬಹುದೆಂಬ ನಂಬಿಕೆಯನ್ನು ಮಂಟಪ ಕೊಟ್ಟಿತು. ಆ ನಂಬಿಕೆ ಆಡಳಿತದ ಕಟ್ಟಳೆಯಾಗಲು ಕನ್ನಡ ನಾಡು ಶತಮಾನಗಳ ಕಾಲ ಕಾಯಬೇಕಾಯಿತು.

1881ರಲ್ಲಿ ಮೈಸೂರು ಸಂಸ್ಥಾನದ ಆಡಳಿತವು ಬ್ರಿಟಿಷರಿಂದ ಹತ್ತನೆಯ ಚಾಮರಾಜ ಒಡೆಯರಿಗೆ ಮರಳಿತು. ಅದೇ ವರ್ಷ ದಿವಾನ್ ಸಿ. ರಂಗಾಚಾರ್ಲು ಅವರು ಪ್ರಜಾಪ್ರತಿನಿಧಿ ಸಭೆಯನ್ನು ಆರಂಭಿಸಿದರು. ದಸರೆಯ ಸಂದರ್ಭದಲ್ಲಿ ಸೇರಿದ ಮೊದಲ ಸಭೆಯಲ್ಲಿ 144 ಸದಸ್ಯರಿದ್ದರು. ಹಿಂದಿನ ವರ್ಷದ ಆಡಳಿತದ ವಿವರವನ್ನು ಸರ್ಕಾರ ಅವರ ಮುಂದೆ ಇಟ್ಟಿತು. ಸದಸ್ಯರು ತಮ್ಮ ಸೀಮೆಗಳ ಕುಂದುಕೊರತೆಗಳನ್ನು ಅರಿಕೆ ಮಾಡಿಕೊಂಡರು. ಸದಸ್ಯರಲ್ಲಿ ಬಹುಪಾಲು ಜಮೀನುದಾರರು ಮತ್ತು ವ್ಯಾಪಾರಿಗಳು. ನಿರ್ಣಯಿಸುವ ಅಧಿಕಾರ ಸಭೆಗೆ ಇರಲಿಲ್ಲ. ಶಾಸನಬದ್ಧ ಸ್ಥಾನ ದೊರೆತುದು 1923ರಲ್ಲಿ. ಆದರೂ ಆಳುವವರು ವರ್ಷಕ್ಕೊಮ್ಮೆ ಪ್ರಜೆಗಳ ಎದುರು ನಿಂತು ವರದಿ ಒಪ್ಪಿಸಬೇಕೆಂಬ ರೂಢಿ ಅಲ್ಲಿಂದ ಬೇರೂರಿತು. ಅದು ಕೇಳುವ ಹಕ್ಕು ಮಾತ್ರವಾಗಿತ್ತು, ಮಾಡುವ ಅಧಿಕಾರವಾಗಿರಲಿಲ್ಲ.

ಮಾಡುವ ಅಧಿಕಾರವನ್ನು ಹಳ್ಳಿಗೆ ಒಯ್ಯುವ ದೊಡ್ಡ ಪ್ರಯತ್ನ ನಡೆದುದು 1983ರ ನಂತರ. ರಾಮಕೃಷ್ಣ ಹೆಗಡೆಯವರ ಸರ್ಕಾರದಲ್ಲಿ ಪಂಚಾಯತ್ ರಾಜ್ ಸಚಿವರಾಗಿದ್ದ ಅಬ್ದುಲ್ ನಜೀರ್ ಸಾಬ್ ಅವರು ಜಿಲ್ಲಾ ಪರಿಷತ್ತು, ತಾಲ್ಲೂಕು ಪಂಚಾಯತ್ ಸಮಿತಿ, ಮಂಡಲ ಪಂಚಾಯತಿಗಳ ಕಾಯಿದೆಯನ್ನು ರೂಪಿಸಿದರು. ಊರೂರಿಗೆ ಕೊಳವೆಬಾವಿ ಕೊರೆಯಿಸಿದ್ದಕ್ಕಾಗಿ ಜನರು ಅವರನ್ನು ಪ್ರೀತಿಯಿಂದ 'ನೀರ್ ಸಾಬ್' ಎಂದು ಕರೆಯುತ್ತಿದ್ದರು. 1987ರ ಜನವರಿಯಲ್ಲಿ ಚುನಾವಣೆ ನಡೆಯಿತು. ಮಹಿಳೆಯರಿಗೆ ಶೇಕಡ 25ರಷ್ಟು ಸ್ಥಾನಗಳು ಮೀಸಲಾದವು. ಜಿಲ್ಲಾ ಪರಿಷತ್ತಿನ ಅಧ್ಯಕ್ಷರಿಗೆ ರಾಜ್ಯ ಸಚಿವರ ದರ್ಜೆ ದೊರೆಯಿತು. ಪರಿಷತ್ತಿನ ಮುಖ್ಯ ಕಾರ್ಯದರ್ಶಿಯಾಗಿ ಜಿಲ್ಲಾಧಿಕಾರಿಗಿಂತ ಹಿರಿಯ ಅಧಿಕಾರಿಯನ್ನು ನೇಮಿಸಲಾಯಿತು. ಶಾಲೆಯ ಮೇಷ್ಟ್ರು ಬಾರದಿದ್ದರೆ, ಆಸ್ಪತ್ರೆಯಲ್ಲಿ ಔಷಧಿ ಇಲ್ಲದಿದ್ದರೆ ಯಾರನ್ನು ಕೇಳಬೇಕೆಂಬುದಕ್ಕೆ ಜಿಲ್ಲೆಯೊಳಗೇ ಒಂದು ಉತ್ತರ ಸಿಕ್ಕಿತು. ನಜೀರ್ ಸಾಬ್ ಅವರು 1988ರಲ್ಲಿ ಲಿಂಗೈಕ್ಯರೆನ್ನದೆ, ಅವರ ಧರ್ಮದ ಮಾತಿನಲ್ಲಿಯೇ ಹೇಳುವುದಾದರೆ, ಅಲ್ಲಾಹನೆಡೆಗೆ ಮರಳಿದರು. ಜಾತಿ ಮತಗಳ ಎಲ್ಲೆ ಮೀರಿ ಕಾಯಕವನ್ನು ಗೌರವಿಸುವ ಶರಣ ಪರಂಪರೆಗೆ ಅವರು ಪರಕೀಯರಲ್ಲ.

ಆದರೆ ಕಟ್ಟಿದ ಮನೆಯನ್ನು ಕಾಯದಿದ್ದರೆ ಅದು ಉಳಿಯದು. 1992ರಲ್ಲಿ ಆ ಸಂಸ್ಥೆಗಳ ಅವಧಿ ಮುಗಿದಾಗ ಮರುಚುನಾವಣೆ ನಡೆಯಲಿಲ್ಲ. ಆಡಳಿತಾಧಿಕಾರಿಗಳು ಬಂದು ಕುಳಿತರು. ಜನರು ಆರಿಸಿದವನಾದರೆ ಜನರಿಗೆ ಅಂಜುತ್ತಾನೆ. ಮೇಲಿನವರು ಕಳಿಸಿದವನು ಮೇಲಿನವರಿಗಷ್ಟೇ ಅಂಜುತ್ತಾನೆ. ಈ ಅಪಾಯ ಮರುಕಳಿಸದಿರಲೆಂದೇ 1993ರಲ್ಲಿ ಜಾರಿಗೆ ಬಂದ ಸಂವಿಧಾನದ 73ನೆಯ ತಿದ್ದುಪಡಿಯು ಐದು ವರ್ಷದ ಅವಧಿ ಮುಗಿಯುವ ಮೊದಲೇ ಚುನಾವಣೆ ನಡೆಯಬೇಕೆಂದು ವಿಧಿಸಿತು. ಅದೇ ವರ್ಷ ಕರ್ನಾಟಕವು ತನ್ನ ಪಂಚಾಯತ್ ರಾಜ್ ಅಧಿನಿಯಮವನ್ನು ಜಾರಿಗೊಳಿಸಿತು. ಹೀಗಿದ್ದೂ 2016ರಲ್ಲಿ ಆಯ್ಕೆಯಾದ ಜಿಲ್ಲಾ ಮತ್ತು ತಾಲ್ಲೂಕು ಪಂಚಾಯತಿಗಳ ಅವಧಿ 2021ರಲ್ಲಿ ಮುಗಿದ ಬಳಿಕ ಚುನಾವಣೆ ವರ್ಷಗಟ್ಟಲೆ ಮುಂದೂಡಲ್ಪಟ್ಟಿತು. ಸಂವಿಧಾನದ ಅಕ್ಷರವೊಂದೇ ಸಾಲದು, ಅದನ್ನು ಕೇಳುವ ನಾಲಿಗೆಯೂ ಬೇಕೆಂಬುದಕ್ಕೆ ಇದಕ್ಕಿಂತ ಸಾಕ್ಷಿ ಬೇಕಿಲ್ಲ.

ಕೇಳುವವನಿಗೆ ಕಾನೂನು ಕೆಲವು ಸಾಧನಗಳನ್ನು ಕೊಟ್ಟಿದೆ. 2011ರ ಕರ್ನಾಟಕ ನಾಗರಿಕ ಸೇವೆಗಳ ಖಾತರಿ ಅಧಿನಿಯಮವು 'ಸಕಾಲ' ಎಂಬ ಹೆಸರಿನಲ್ಲಿ 2012ರ ಏಪ್ರಿಲ್‌ನಿಂದ ರಾಜ್ಯವ್ಯಾಪಿಯಾಯಿತು. ಅರ್ಜಿ ಕೊಟ್ಟವನಿಗೆ ಸ್ವೀಕೃತಿ ಸಂಖ್ಯೆ ದೊರೆಯಬೇಕು, ಗೊತ್ತುಪಡಿಸಿದ ದಿನಗಳೊಳಗೆ ಕೆಲಸ ಆಗಬೇಕು. ತಡವಾದರೆ ದಿನಕ್ಕೆ 20 ರೂಪಾಯಿಯಂತೆ, 500 ರೂಪಾಯಿ ಮೀರದಂತೆ, ಅರ್ಜಿದಾರನಿಗೆ ಪರಿಹಾರ ಸಲ್ಲಬೇಕು. ಮೊತ್ತ ಸಣ್ಣದು. ಆದರೆ ಬಡವನ ಕಾಯುವಿಕೆಗೂ ಬೆಲೆಯಿದೆಯೆಂದು ಸರ್ಕಾರವೇ ಒಪ್ಪಿಕೊಂಡದ್ದು ಸಣ್ಣದಲ್ಲ.

ಇದಕ್ಕಿಂತಲೂ ಹತ್ತಿರದ ಸಾಧನ ಊರಿನಲ್ಲಿಯೇ ಇದೆ. ಆರು ತಿಂಗಳಿಗೊಮ್ಮೆಯಾದರೂ ಗ್ರಾಮಸಭೆ ಸೇರಬೇಕೆಂದು ಕಾಯಿದೆ ಹೇಳುತ್ತದೆ. ವರ್ಷಕ್ಕೊಮ್ಮೆ ನಡೆಯುವ ಜಮಾಬಂದಿಯಲ್ಲಿ ಗ್ರಾಮ ಪಂಚಾಯತಿಯ ಲೆಕ್ಕಪತ್ರಗಳನ್ನೂ ಕಾಮಗಾರಿಗಳನ್ನೂ ಗ್ರಾಮಸ್ಥರ ಸಮಕ್ಷಮದಲ್ಲಿ ಪರಿಶೀಲಿಸಬೇಕು. ಕಲ್ಯಾಣದಲ್ಲಿ ಭಂಡಾರದ ಬಾಗಿಲು ತೆರೆದುದು ಅರಸನ ಅಪ್ಪಣೆಯಿಂದ. ಇಲ್ಲಿ ಅದು ತೆರೆಯಬೇಕಾದುದು ಪ್ರಜೆಯ ಮಾತಿನಿಂದ. ಎಂಟು ಶತಮಾನಗಳಲ್ಲಿ ಆಗಿರುವ ಬದಲಾವಣೆ ಇದೇ. ಲೆಕ್ಕ ಕೇಳುವ ಸ್ಥಾನಕ್ಕೆ ಈಗ ಸಾಮಾನ್ಯ ಮನುಷ್ಯನೇ ಬಂದಿದ್ದಾನೆ.

ಬಂದವನು ಆ ಸ್ಥಾನದಲ್ಲಿ ಕುಳಿತುಕೊಳ್ಳಬೇಕಷ್ಟೆ. ಜಾತ್ರೆಗೆ, ಪುರಾಣ ಪ್ರವಚನಕ್ಕೆ ತುಂಬಿ ತುಳುಕುವ ಊರು ಗ್ರಾಮಸಭೆಯ ದಿನ ಬರಿದಾಗಿದ್ದರೆ, ಹಾಜರಿ ಪುಸ್ತಕದ ಸಹಿ ಮನೆಮನೆಗೆ ಹೋಗಿ ಸಂಗ್ರಹವಾದರೆ, ದೋಷವನ್ನು ಅಧಿಕಾರಿಯ ಮೇಲೆ ಮಾತ್ರ ಹೊರಿಸುವುದು ನ್ಯಾಯವಲ್ಲ. ಸದಸ್ಯನಾದವನಿಗೆ ಲೆಕ್ಕ ಒಪ್ಪಿಸುವುದು ಕಾಯಕ. ಮತ ಕೊಟ್ಟವನಿಗೆ ಲೆಕ್ಕ ಕೇಳುವುದು ಕಾಯಕ. ಕೇಳುವಾಗ ದ್ವೇಷವಿರಬಾರದು, ಒಪ್ಪಿಸುವಾಗ ಅಳುಕಿರಬಾರದು. ಲಕ್ಕಮ್ಮನವರಂತೆ ಹೆಚ್ಚಾದುದನ್ನು ಹಿಂದಿರುಗಿಸುವ ಮನಸ್ಸು, ಬಸವಣ್ಣನವರಂತೆ ಬಾಗಿಲು ತೆರೆಯುವ ಧೈರ್ಯ ಒಂದೊಂದು ಪಂಚಾಯತಿಯಲ್ಲಿ ನೆಲೆಗೊಂಡರೆ ಕಲ್ಯಾಣವು ಪುರಾಣದ ಊರಾಗಿ ಉಳಿಯದೆ ಜನರು ಬಾಳುವ ಊರಾದೀತು.