ಅನುಕಂಪದ ನೇಮಕಾತಿ ಮತ್ತು ದತ್ತು ಮಕ್ಕಳು

ಸೇವೆಯಲ್ಲಿರುವಾಗಲೇ ಸರ್ಕಾರಿ ನೌಕರರು ತೀರಿಕೊಂಡರೆ ಅವರನ್ನು ನೆಚ್ಚಿಕೊಂಡಿದ್ದ ಕುಟುಂಬದ ಒಬ್ಬರಿಗೆ ಕೊಡುವ ಕೆಲಸವೇ ಅನುಕಂಪದ ಆಧಾರದ ನೇಮಕಾತಿ. ಜನ ಇದನ್ನು ‘ಅಪ್ಪನ ನೌಕರಿ’ ಎನ್ನುವುದುಂಟು. ಆದರೆ ಹುದ್ದೆ ಹೊಲಮನೆಯಂತೆ ಮಕ್ಕಳಿಗೆ ಇಳಿದು ಬರುವಂಥದ್ದಲ್ಲ. ಹರಿಯಾಣದ ಪ್ರಕರಣವೊಂದರಲ್ಲಿ 1994ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಹಕ್ಕೆಂದು ಒಪ್ಪಲಿಲ್ಲ. ದುಡಿಯುವವರನ್ನು ಕಳೆದುಕೊಂಡ ಮನೆ ಆ ಹೊತ್ತಿನ ಸಂಕಟ ದಾಟಲೆಂದು ಇರುವ ವಿನಾಯಿತಿ ಎಂದಿತು. ಹೀಗಾಗಿ ದತ್ತು ಮಗುವಿನ ಬೇಡಿಕೆ ಇಷ್ಟೇ: ಹೆತ್ತ ಮಕ್ಕಳ ಅರ್ಜಿಯನ್ನು ನೋಡುವ ಕಣ್ಣಿನಿಂದಲೇ ತನ್ನ ಅರ್ಜಿಯನ್ನೂ ನೋಡಬೇಕು.

1956ರ ಹಿಂದೂ ದತ್ತಕ ಮತ್ತು ಜೀವನಾಂಶ ಕಾಯ್ದೆಯ 12ನೇ ಕಲಮಿನ ಪ್ರಕಾರ, ದತ್ತು ಪಡೆದ ದಿನದಿಂದ ಮಗು ಎಲ್ಲ ದೃಷ್ಟಿಯಿಂದಲೂ ದತ್ತು ಪಡೆದವರದೇ. ಹುಟ್ಟಿದ ಮನೆಯ ನಂಟು ಅಲ್ಲಿಗೆ ಕಡಿಯುತ್ತದೆ. ಕೇಂದ್ರ ಸರ್ಕಾರದ ಯೋಜನೆ ಅವಲಂಬಿತರ ಪಟ್ಟಿಯಲ್ಲಿ ದತ್ತು ಮಗ, ದತ್ತು ಮಗಳನ್ನು ಹೆಸರಿಸಿಯೇ ಸೇರಿಸಿದೆ. ಕರ್ನಾಟಕದ 1996ರ ನಿಯಮಗಳಲ್ಲಿ ಇಷ್ಟು ಸ್ಪಷ್ಟತೆ ಬಂದದ್ದು ತಡವಾಗಿ, 2021ರ ತಿದ್ದುಪಡಿಯಲ್ಲಿ.

ಆ ನಡುವಿನ ತೊಡಕನ್ನು ತೋರಿಸಿದ್ದು ಉತ್ತರ ಕರ್ನಾಟಕದ ಒಂದು ಪ್ರಕರಣ. ಸಹಾಯಕ ಸರ್ಕಾರಿ ಅಭಿಯೋಜಕರ ಕಚೇರಿಯೊಂದರಲ್ಲಿ ನಾಲ್ಕನೇ ದರ್ಜೆಯ ನೌಕರರಾಗಿದ್ದ ಒಬ್ಬರು 2011ರಲ್ಲಿ ಅಪಘಾತದಲ್ಲಿ ಮಗನನ್ನು ಕಳೆದುಕೊಂಡು, ಅದೇ ವರ್ಷ ಹುಡುಗನೊಬ್ಬನನ್ನು ದತ್ತು ಪಡೆದರು. 2018ರಲ್ಲಿ ಅವರು ತೀರಿಕೊಂಡಾಗ ಮನೆಯಲ್ಲಿ ಉಳಿದವರು ಹೆಂಡತಿ, ದತ್ತು ಮಗ ಮತ್ತು ದೈಹಿಕ, ಮಾನಸಿಕ ಅಂಗವೈಕಲ್ಯವಿದ್ದ ಮಗಳು. ಮಗನ ಅರ್ಜಿ ತಿರಸ್ಕೃತವಾಯಿತು. ಅಂದಿನ ನಿಯಮದಲ್ಲಿ ದತ್ತು ಮಗನಿಗೆ ಅವಕಾಶವಿಲ್ಲ ಎಂಬುದು ಕಾರಣ. ಹೈಕೋರ್ಟಿನ ಏಕಸದಸ್ಯ ಪೀಠದಲ್ಲೂ ಸೋಲು. ನವೆಂಬರ್ 2022ರಲ್ಲಿ ನ್ಯಾಯಮೂರ್ತಿಗಳಾದ ಸೂರಜ್ ಗೋವಿಂದರಾಜ್ ಮತ್ತು ಜಿ. ಬಸವರಾಜ ಅವರ ವಿಭಾಗೀಯ ಪೀಠ ಅದನ್ನು ತಿರುಗಿಸಿತು: ಮಗನೆಂದರೆ ಮಗನೇ, ಹೆತ್ತ ಮಗ, ದತ್ತು ಮಗ ಎಂದು ಭೇದ ಮಾಡಿದರೆ ದತ್ತುವಿಗೇ ಅರ್ಥವಿಲ್ಲ, ಸಂವಿಧಾನದ 14ನೇ ವಿಧಿಗೂ ಅದು ವಿರುದ್ಧ ಎಂಬುದು ತೀರ್ಪಿನ ತಿರುಳು. ಅರವತ್ತಾರು ವರ್ಷ ಹಿಂದೆಯೇ ಕಾಯ್ದೆ ಹೇಳಿ ಮುಗಿಸಿದ್ದ ಮಾತು ಇದು.

ಸಂಬಂಧದಷ್ಟೇ ತೂಕ ದತ್ತು ನಡೆದ ದಿನಾಂಕಕ್ಕೂ ಇದೆ. ರೈಲ್ವೆಯ ಸುತ್ತೋಲೆಯಂತೆ ನೌಕರರು ಸಾಯುವ ಮೊದಲೇ ದತ್ತು ಪೂರ್ಣಗೊಂಡಿರಬೇಕು. ನಿವೃತ್ತ ನೌಕರರೊಬ್ಬರು ತೀರಿಕೊಂಡ ಮೇಲೆ ಅವರ ಪತ್ನಿ ದತ್ತು ಪಡೆದ ಮಗನಿಗೆ ಕುಟುಂಬ ಪಿಂಚಣಿ ಸಿಗದು ಎಂದು ಜನವರಿ 2023ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು. ಆ ಪೀಠದಲ್ಲಿ ನ್ಯಾಯಮೂರ್ತಿ ಕೆ.ಎಂ. ಜೋಸೆಫ್ ಜೊತೆ ಕರ್ನಾಟಕದ ಬಿ.ವಿ. ನಾಗರತ್ನ ಇದ್ದರು. ಅದು ಪಿಂಚಣಿಯ ಮಾತು, ನೌಕರಿಯದ್ದಲ್ಲ. ಆದರೂ ಸತ್ತವರನ್ನು ನೆಚ್ಚಿಕೊಂಡು ಬದುಕಿರದ ಮಗು ಅವಲಂಬಿತ ಹೇಗಾದೀತು ಎಂಬ ಪ್ರಶ್ನೆ ಎರಡಕ್ಕೂ ಒಂದೇ.

ಕಚೇರಿಯ ಮೇಜಿನ ಮೇಲೆ ಇದೆಲ್ಲ ಕಾಗದದ ಪ್ರಶ್ನೆಯಾಗುತ್ತದೆ. ಕಾಯ್ದೆಯ ಪ್ರಕಾರ ದತ್ತ ಹೋಮ ಕಡ್ಡಾಯವಲ್ಲ, ಮಗುವನ್ನು ಕೊಟ್ಟು ಪಡೆಯುವ ಕ್ರಿಯೆ ಮಾತ್ರ ನಡೆದಿರಲೇಬೇಕು. ಬೇರೆ ರೂಢಿ ಇಲ್ಲದಿದ್ದರೆ ಮಗುವಿಗೆ 15 ತುಂಬಿರಬಾರದು. ಕೊಟ್ಟವರು, ಪಡೆದವರು ಇಬ್ಬರೂ ಸಹಿ ಹಾಕಿದ ನೋಂದಾಯಿತ ದತ್ತು ಪತ್ರವಿದ್ದರೆ, ಸುಳ್ಳೆಂದು ರುಜುವಾತಾಗುವವರೆಗೆ ದತ್ತು ಕ್ರಮಬದ್ಧವೆಂದೇ ನ್ಯಾಯಾಲಯ ಭಾವಿಸಬೇಕು. ಅಕ್ಕನ ಮಗನನ್ನೋ ಮೈದುನನ ಮಗಳನ್ನೋ ನಾಲ್ಕು ಜನರ ಮುಂದೆ ಮಡಿಲಿಗೆ ಹಾಕಿಕೊಂಡ ಮನೆಗಳಲ್ಲಿ ಈ ಪತ್ರವೇ ಇರುವುದಿಲ್ಲ. ಶಾಲೆಯ ದಾಖಲೆಯಲ್ಲಿ ತಂದೆಯ ಹೆಸರಿನ ಎದುರು ಹೆತ್ತಪ್ಪನೇ ಉಳಿದಿರುತ್ತಾನೆ. ಅದನ್ನು ಸರಿಪಡಿಸಲು ಓಡಾಡುವಷ್ಟರಲ್ಲಿ, ಸಾವಿನ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕೆಂಬ ರಾಜ್ಯದ ಗಡುವು ಹತ್ತಿರ ಬಂದಿರುತ್ತದೆ.